ಪರಗ್ರಹದ ಪುರೋಹಿತ ಆಡಿದ ಕನ್ನಡ

ಶಿಕಾಗೋ ಪಕ್ಕದ ವೆಸ್ಟ್‌ಮಾಂಟ್‌ನ ಶೇಷಾದ್ರಿ ಹನ್ನೊಂದು ಸಿನಿಮಾಗಳಲ್ಲಿ ಪಾತ್ರ ಮಾಡಿದ್ದರು, ಹನ್ನೊಂದರಲ್ಲೂ ಸತ್ತಿದ್ದರು. ಎಲ್ಲವೂ ಜಪಾನಿನ ಸಿನಿಮಾಗಳು. ಸಮುದ್ರದಿಂದಲೋ ಆಕಾಶದಿಂದಲೋ ಒಂದು ದೈತ್ಯ ಪ್ರಾಣಿ ಬರುತ್ತದೆ, ಊರು ಮೆಟ್ಟುತ್ತದೆ, ಮೀಟಿಂಗು ಸೇರಿದ ವಿಜ್ಞಾನಿಗಳು ತಲೆ ಕೆರೆದುಕೊಳ್ಳುತ್ತಾರೆ. ಆ ವಿಜ್ಞಾನಿಗಳಲ್ಲಿ ಕೊನೆಯ ಕುರ್ಚಿಯ, ಎತ್ತರದ, ಕಪ್ಪು ಮೈಬಣ್ಣದ ಮನುಷ್ಯನೇ ನಮ್ಮ ಶೇಷಾದ್ರಿ. ಮೊದಲನೆಯದರಲ್ಲಿ ಭಾರತದ ಪ್ರತಿನಿಧಿಯಾಗಿ ಕೋಟು ತೊಟ್ಟು ಕೂತಿದ್ದಾಗ ಚಾವಣಿ ಬಿದ್ದು ಸತ್ತರು. ಎರಡನೆಯದರಲ್ಲಿ ಹಡಗಿನ ಡಾಕ್ಟರು, ಹಡಗಿನ ಸಮೇತ ಮುಳುಗಿದರು. ಆಮೇಲೆ ಅರಬ್ ದೇಶದ ಎಣ್ಣೆ ವ್ಯಾಪಾರಿ, ಬ್ರೆಜಿಲಿನ ಭೂಗರ್ಭ ತಜ್ಞ, ಯಾವುದೋ ದ್ವೀಪದ ಮಾಂತ್ರಿಕ. ಒಂದರಲ್ಲಿ ಅವರನ್ನು ಏಡಿ ತಿಂದಿತ್ತು. ಆ ಏಡಿಯ ವೇಷದೊಳಗೆ ಇದ್ದ ಮನುಷ್ಯ ಮಧ್ಯಾಹ್ನ ತಮ್ಮ ಪಕ್ಕದಲ್ಲೇ ಕೂತು ಬುತ್ತಿ ಬಿಚ್ಚಿ, ನಿಮಗೆ ಜಾಸ್ತಿ ನೋವಾಯಿತೇ ಎಂದು ವಿಚಾರಿಸಿಕೊಂಡಿದ್ದನ್ನು ಹೇಳಿ ಹೇಳಿ ನಗುತ್ತಿದ್ದರು.

ಹತ್ತು ಸಿನಿಮಾಗಳ ಬಗ್ಗೆ ಹೀಗೆ ನಗುತ್ತಲೇ ಹೇಳುವ ಮನುಷ್ಯ, ಹನ್ನೊಂದನೆಯದರ ಮಾತು ಬಂತೆಂದರೆ ಎದ್ದು ಕಾಫಿ ಮಾಡಲು ಹೋಗುತ್ತಿದ್ದರು. ಕಾಫಿ ಆಗಲೇ ಆಗಿದ್ದರೂ ಹೋಗುತ್ತಿದ್ದರು.

ಅವರು ಜಪಾನಿಗೆ ಹೋದದ್ದು ಸಿನಿಮಾಕ್ಕಲ್ಲ, ರೇಷ್ಮೆಗೆ. ಸಾವಿರದ ಒಂಬೈನೂರ ಅರವತ್ತಾರರಲ್ಲಿ ಮೈಸೂರಿನಿಂದ ಯೊಕೊಹಾಮಾಕ್ಕೆ ರೇಷ್ಮೆ ನೂಲಿನ ಪರೀಕ್ಷೆ ಕಲಿಯಲು ಕಳಿಸಿದ್ದರು. ಎರಡು ವರ್ಷ ಕಲಿತು ಅಲ್ಲೇ ಕೆಲಸಕ್ಕೆ ನಿಂತರು. ಆ ಕಾಲದ ಟೋಕಿಯೋದಲ್ಲಿ ಸಿನಿಮಾದವರಿಗೆ ಪರದೇಶದ ಮುಖಗಳು ಸಿಗುವುದು ಕಷ್ಟ. ಬೇಕರಿಯವನು, ಭಾಷೆ ಕಲಿಸುವವನು, ನಾವಿಕ, ಯಾರು ಸಿಕ್ಕರೂ ಹಿಡಿದು ಕೋಟು ತೊಡಿಸುತ್ತಿದ್ದರು. ಟರ್ಕಿ ಮೂಲದ ಏಜೆಂಟನೊಬ್ಬ ಶೇಷಾದ್ರಿಯವರನ್ನು ಟ್ರಾಮ್ ಸ್ಟಾಪಿನಲ್ಲಿ ಕಂಡು, ನಿಮಗೆ ಹೆದರಲು ಬರುತ್ತದೆಯೇ ಎಂದು ಕೇಳಿದನಂತೆ. ಮೇಲೆ ನೋಡಿ ಹೆದರಬೇಕು, ಅಷ್ಟೇ ಕೆಲಸ. ಪ್ರಾಣಿಯನ್ನು ಆಮೇಲೆ ಸೇರಿಸುತ್ತಿದ್ದರು. ಮಾತು ಏನಾಡಿದರೂ ನಡೆಯುತ್ತಿತ್ತು, ಅದರ ಮೇಲೆ ಜಪಾನಿ ನಟನೊಬ್ಬನ ಧ್ವನಿ ಕೂರಿಸುತ್ತಿದ್ದರು. ಹಾಗಾಗಿ ಶೇಷಾದ್ರಿ ಮಹಾಪ್ರಳಯದ ಎಚ್ಚರಿಕೆ ಕೊಡುವ ಸೀನಿನಲ್ಲಿ ಕನ್ನಡದಲ್ಲಿ ತರಕಾರಿ ಹೆಸರು ಹೇಳಿದ್ದುಂಟು, ಮಗ್ಗಿ ಒಪ್ಪಿಸಿದ್ದುಂಟು.

ಸಾವಿರದ ಒಂಬೈನೂರ ಎಪ್ಪತ್ತೆರಡರ ನವೆಂಬರಿನಲ್ಲಿ ಮೈಸೂರಿನಿಂದ ಅಣ್ಣ ನಾಗರಾಜನ ಕಾಗದ ಬಂತು. ಮೂರೇ ಸಾಲು. ತಾಯಿ ಹೋದರು. ವೈಕುಂಠ ಸಮಾರಾಧನೆ ಆಯಿತು. ನಿನಗೆ ಅಲ್ಲಿ ಬಿಡುವಿಲ್ಲವೆಂದು ತಿಳಿದುಕೊಂಡೆವು.

ಆ ಮೂರನೆಯ ಸಾಲನ್ನು ಶೇಷಾದ್ರಿ ಎಷ್ಟು ಸಲ ಓದಿದರೋ. ನನಗೆ ಬಿಡುವಿಲ್ಲವೆಂದು ಇವರು ತಾವೇ ತಿಳಿದುಕೊಂಡರೇ? ಕೇಳಲಿಲ್ಲ, ತಂತಿ ಕೊಡಲಿಲ್ಲ, ತಾಯಿ ಮಲಗಿದ್ದಾಳೆ ಬಾ ಎನ್ನಲಿಲ್ಲ. ತಾವೇ ತೀರ್ಮಾನಿಸಿ, ಬೂದಿಯಾದ ಮೇಲೆ ಬರೆದರು. ಶೇಷಾದ್ರಿಯವರಿಗೆ ಅಳಲು ಆಗಲಿಲ್ಲ. ನಾಲ್ಕನೆಯ ದಿನ ಹನ್ನೊಂದನೆಯ ಸಿನಿಮಾದ ಶೂಟಿಂಗು, ಕಾಗದ ಕೋಟಿನ ಜೇಬಿನಲ್ಲೇ ಇತ್ತು.

ಅದರಲ್ಲಿ ಅವರದು ಪರಗ್ರಹದಿಂದ ಬಂದ ಪುರೋಹಿತನ ಪಾತ್ರ. ಬೆಳ್ಳಿ ಬಣ್ಣದ ಮುಖವಾಡ, ನೆಲಕ್ಕೆ ಎಳೆಯುವ ಅಂಗಿ. ತನ್ನವರೆಲ್ಲ ಸತ್ತ ಮೇಲೆ ಆತ ಬಂಡೆಯ ಮೇಲೆ ನಿಂತು ಭೂಮಿಗೆ ಶಾಪ ಹಾಕುತ್ತಾನೆ, ಹಾಕಿ ಸಾಯುತ್ತಾನೆ. ನಿಮ್ಮ ಭಾಷೆಯಲ್ಲಿ ಏನು ಬೇಕಾದರೂ ಹೇಳಿ, ಕೋಪ ಮಾತ್ರ ನಿಜವಾಗಿರಲಿ ಎಂದು ನಿರ್ದೇಶಕರು ದುಭಾಷಿಯ ಮೂಲಕ ತಿಳಿಸಿದರು. ಕ್ಯಾಮೆರಾ ತಿರುಗಿತು. ಶೇಷಾದ್ರಿ ತರಕಾರಿಯ ಹೆಸರು ಹೇಳಲಿಲ್ಲ.

"ನಾಗರಾಜ, ನಿನ್ನ ಮನೆ ಹಾಳಾಗ್ಲಿ. ನಿನ್ನ ವಂಶ ನಿರ್ವಂಶ ಆಗ್ಲಿ. ತಾಯಿ ಮುಖ ತಪ್ಪಿಸಿದೋರಿಗೆ ಮಕ್ಕಳ ಮುಖ ತಪ್ಪಿ ಹೋಗ್ಲಿ."

ಸೆಟ್ಟಿನಲ್ಲಿ ಯಾರಿಗೂ ಒಂದಕ್ಷರ ಅರ್ಥವಾಗಲಿಲ್ಲ. ಆದರೂ ಲೈಟು ಹಿಡಿದವನು ಒಂದು ಹೆಜ್ಜೆ ಹಿಂದೆ ಸರಿದ. ಈ ಧ್ವನಿಯ ಮೇಲೆ ಬೇರೆ ಧ್ವನಿ ಕೂರಿಸಬಾರದು, ಗುಹೆಯ ಪ್ರತಿಧ್ವನಿ ಸೇರಿಸಿ ಇದನ್ನೇ ಇಡಿ ಎಂದು ನಿರ್ದೇಶಕರು ಹೇಳಿದರು. ಹತ್ತು ಸಿನಿಮಾದಲ್ಲಿ ಆಡಿದ ಮಾತೆಲ್ಲ ಅಳಿಸಿ ಹೋಗಿತ್ತು. ಉಳಿದದ್ದು ಇದೊಂದೇ.

ಸಿನಿಮಾ ಮಾರನೆಯ ವರ್ಷ ಜುಲೈ ತಿಂಗಳ ಒಂದು ಶನಿವಾರ ತೆರೆಗೆ ಬಂತು. ಅದೇ ಶನಿವಾರ ಮೈಸೂರಿನಲ್ಲಿ ನಾಗರಾಜನ ಮಗ, ನಾಲ್ಕು ವರ್ಷದ ವಿಷ್ಣುವಿಗೆ ಜ್ವರ ಕಾಣಿಸಿಕೊಂಡಿತು. ಮಿದುಳಿಗೆ ಏರಿದ ಜ್ವರ. ಮಂಗಳವಾರ ಮಗು ಇರಲಿಲ್ಲ. ಕಾಗದ ಕೈಗೆ ಬಂದಾಗ ಶೇಷಾದ್ರಿ ತಾರೀಖು ಹೊಂದಿಸಿ ನೋಡಿದರು, ಮತ್ತೆ ನೋಡಿದರು. ಅಂದಿಗೆ ಬಣ್ಣ ಹಚ್ಚುವುದನ್ನು ಬಿಟ್ಟರು.

ಓದಿದವರು, ಕೂದಲಿಗಿಂತ ಸಣ್ಣ ಎಳೆಯನ್ನು ತೂಗಿ ನೋಡಿ ಬದುಕಿದವರು, ಶಾಪಗೀಪ ನಂಬುತ್ತಾರೆಯೇ ಎಂದು ಮೂಗು ಮುರಿಯುವವರು ಮುರಿಯಲಿ. ಬಾಯಿಂದ ಒಂದು ಮಾತು ಜಾರಿ, ಅದು ಆಡಿದ ಹಾಗೇ ನಡೆದುಹೋದವರನ್ನು ಕೇಳಿ ನೋಡಬೇಕು. ನಂಬಿಕೆಯೆಂದು ಅವರು ಅದನ್ನು ಕರೆಯುವುದೇ ಇಲ್ಲ.

ಎಪ್ಪತ್ತಾರರಲ್ಲಿ ಶೇಷಾದ್ರಿ ಶಿಕಾಗೋಗೆ ಬಂದರು. ಗಾಯ ಹೊಲಿಯುವ ರೇಷ್ಮೆ ದಾರವನ್ನು ಪರೀಕ್ಷಿಸುವ ಲ್ಯಾಬಿನಲ್ಲಿ ಕೆಲಸ. ಮೈಸೂರಿನ ಸತ್ಯ ಎಂಬ ಹುಡುಗಿಯನ್ನು ಮದುವೆಯಾದರು. ಮಕ್ಕಳಾಗಲಿಲ್ಲ. ನಿರ್ವಂಶ ಅಂದದ್ದು ತನಗೂ ತಿರುಗಿತು ಎಂದುಕೊಂಡರು, ಆಕೆಗೆ ಮಾತ್ರ ಕೊನೆಯವರೆಗೂ ಬಾಯಿ ಬಿಡಲಿಲ್ಲ. ಅಣ್ಣ ತಮ್ಮಂದಿರ ನಡುವೆ ಯುಗಾದಿಗೊಂದು ಕಾಗದ ಬಿಟ್ಟರೆ ಮಾತಿರಲಿಲ್ಲ. ನಾಗರಾಜ ಹಾಗೇ ತೀರಿಕೊಂಡರು.

ಆಮೇಲೆ ಅತ್ತಿಗೆ ಕೌಸಲ್ಯಾ ಮಗಳ ಮನೆಗೆ ಬಂದರು. ಮಗಳು ತನ್ಮಯಿ, ವಿಷ್ಣು ಹೋಗಿ ಎರಡು ವರ್ಷಕ್ಕೆ ಹುಟ್ಟಿದವಳು, ಡೆಟ್ರಾಯಿಟ್ ಹತ್ತಿರ ವೆಸ್ಟ್ ಬ್ಲೂಮ್‌ಫೀಲ್ಡಿನಲ್ಲಿ ಮಕ್ಕಳ ಡಾಕ್ಟರು. ಶೇಷಾದ್ರಿ ಹೆದರಿಕೊಂಡೇ ನೋಡಲು ಹೋದರು. ಅತ್ತಿಗೆ ಬಾಗಿಲಲ್ಲೇ ಗಲ್ಲ ಸವರಿ, ಇಳಿದು ಹೋಗಿದೀಯಲ್ಲೋ ಶೇಷು ಎಂದು, ಹುಳಿಯನ್ನ ಕಲಸಿ ಕೊಟ್ಟರು. ಹತ್ತೊಂಬತ್ತಕ್ಕೆ ಸೊಸೆಯಾಗಿ ಬಂದು, ಹದಿನೈದರ ಮೈದುನನ ತಲೆಗೆ ಎಣ್ಣೆ ಒತ್ತಿದ ಕೈ ಅದು. ಅಂದಿನಿಂದ ಪ್ರತಿ ಭಾನುವಾರ ಬೆಳಗ್ಗೆ ಹತ್ತಕ್ಕೆ ಫೋನು. ಸತ್ಯ ಹೋದ ಮೇಲಂತೂ ಶೇಷಾದ್ರಿಯವರನ್ನು ಏಕವಚನದಲ್ಲಿ ಕರೆಯುವ ಜೀವ ಈ ಭೂಮಿಯ ಮೇಲೆ ಅದೊಂದೇ ಉಳಿಯಿತು.

ಎರಡು ಸಾವಿರದ ಹನ್ನೊಂದರಲ್ಲಿ ಡೌನರ್ಸ್ ಗ್ರೋವ್‌ನ ನಿವೃತ್ತ ಡೆಂಟಿಸ್ಟ್ ಒಬ್ಬರು ಬಾಗಿಲು ತಟ್ಟಿದರು. ನೀವೇ ಅಲ್ಲವೇ ಬೆಳ್ಳಿ ಮುಖದ ಪುರೋಹಿತ ಎಂದು ಕೇಳಿ, ಕಣ್ಣಲ್ಲಿ ನೀರು ತಂದುಕೊಂಡರು. ಏರ್‌ಪೋರ್ಟ್ ಹತ್ತಿರದ ಹೋಟೆಲಿನಲ್ಲಿ ಪ್ರತಿ ಜುಲೈ ಈ ದೈತ್ಯಪ್ರಾಣಿಗಳ ಅಭಿಮಾನಿಗಳು ಸೇರುತ್ತಾರಂತೆ. ಹಟ ಹಿಡಿದು ಕರೆದುಕೊಂಡು ಹೋದರು. ಶೇಷಾದ್ರಿ ವೇದಿಕೆ ಹತ್ತಿದ್ದೇ ತಡ, ಆರುನೂರು ಜನ ಎದ್ದು ನಿಂತು, ಎದೆಯ ಮೇಲೆ ಕೈಯಿಟ್ಟು, ಒಂದೇ ಕೊರಳಲ್ಲಿ ಶುರು ಮಾಡಿದರು. ನಾಗರಾಜಾ, ನಿನ ಮನೆ ಹಲಗಲಿ. ಅಪ್ಪನ ಹೆಗಲ ಮೇಲೆ ಕೂತ ಪುಟ್ಟ ಹುಡುಗಿಯೂ ತಪ್ಪಿಲ್ಲದೆ ಹೇಳುತ್ತಿದ್ದಳು. ನಿನ ವಂಶ ನಿರವಂಶ ಅಗಲಿ.

ಇಂಗ್ಲಿಷ್ ಡಬ್ಬಿಂಗಿನಲ್ಲಿ ಹೂತುಹೋಗಿದೆ ಎಂದುಕೊಂಡಿದ್ದ ಮಾತು ಮೂಲ ಜಪಾನಿ ಪ್ರತಿಯ ಡಿವಿಡಿಯಿಂದ ಎದ್ದು ಬಂದಿತ್ತು. ಅಭಿಮಾನಿಗಳು ಅದಕ್ಕೊಂದು ನಿಘಂಟನ್ನೂ ಮಾಡಿಟ್ಟಿದ್ದರು. ನಾಗರಾಜ ಎಂದರೆ ಪರಗ್ರಹದವರ ಆದಿದೇವರು. ಮನೆ ಎಂದರೆ ನಕ್ಷತ್ರ. ವಂಶ ಎಂದರೆ ಬಹುಶಃ ಬೆಳಕು. ಸರಿಯೇ ಎಂದು ಶೇಷಾದ್ರಿಯವರನ್ನೇ ಕೇಳಿದರು. ಅವರು ಸರಿ ಎಂದು ಸಹಿ ಹಾಕಿ ಮನೆಗೆ ಬಂದು, ಬಾಯಿ ಮುಕ್ಕಳಿಸಿದರು, ಮತ್ತೆ ಮುಕ್ಕಳಿಸಿದರು. ಆ ಕಡೆ ಮತ್ತೆ ತಲೆ ಹಾಕಲಿಲ್ಲ. ಅವರು ಹೋಗದಿದ್ದರೂ ಜನ ಸೇರುತ್ತಿದ್ದರು, ಹೇಳುತ್ತಿದ್ದರು. ಒಂದು ಜುಲೈನಲ್ಲಿ, ಹೋಟೆಲಿನ ಸಭೆ ಮುಗಿದ ಮೂರನೆಯ ದಿನ, ಸತ್ಯಾಳನ್ನು ಕೊಂಡೊಯ್ದ ರೋಗದ ಸ್ಕ್ಯಾನ್ ರಿಪೋರ್ಟು ಬಂತು. ಆಮೇಲೆ ಜೂನ್ ಮುಗಿಯುತ್ತಿದ್ದ ಹಾಗೇ ಶೇಷಾದ್ರಿಯವರಿಗೆ ಊಟ ಸೇರುತ್ತಿರಲಿಲ್ಲ.

ಒಂದೇ ಸಮಾಧಾನವಿತ್ತು. ನಮ್ಮ ಕನ್ನಡದವರಿಗೆ ಇಂಥ ಸಿನಿಮಾಗಳ ಗೊಡವೆ ಇರಲಿಲ್ಲ. ಡಿವಿಡಿಯ ಗುಹೆ ಪ್ರತಿಧ್ವನಿಯಲ್ಲಿ ಅದು ಕನ್ನಡವೆಂದು ಗುರುತು ಹಿಡಿಯುವುದೂ ಕಷ್ಟವಿತ್ತು.

ಹೋದ ಸೆಪ್ಟೆಂಬರಿನಲ್ಲಿ ಆ ಸಮಾಧಾನವೂ ಹೋಯಿತು. ಅರೋರಾದಲ್ಲಿರುವ ಇಳಾ, ಕನ್ನಡ ಸಂಘದ ಸಾಂಸ್ಕೃತಿಕ ಕಾರ್ಯದರ್ಶಿ, ಆಫೀಸಿನಲ್ಲಿ ಯಾರಿಂದಲೋ ವಿಷಯ ತಿಳಿದು ಕುಣಿದುಬಿಟ್ಟಳು. ಮೈಸೂರಿನವರು, ಜಪಾನಿ ಸಿನಿಮಾ, ಅದರಲ್ಲೂ ಕನ್ನಡ ಡೈಲಾಗು. ಅಕ್ಟೋಬರಿನ ಶನಿವಾರವೊಂದಕ್ಕೆ ದೇವಸ್ಥಾನದ ಹತ್ತಿರದ ಹಾಲ್ ಬುಕ್ ಮಾಡಿದಳು. ಹೊಸದಾಗಿ ಶುದ್ಧಿ ಮಾಡಿದ ಕಾಪಿ ಹಿಂದಿನ ದಿನ, ಶುಕ್ರವಾರ, ಕೈಗೆ ಬರುತ್ತದೆ, ಅದರಲ್ಲಿ ಪ್ರತಿಧ್ವನಿ ತೆಗೆದು ಮೂಲ ಧ್ವನಿಯನ್ನೇ ಇಟ್ಟಿದ್ದಾರಂತೆ, ಒಂದೊಂದು ಅಕ್ಷರವೂ ಕೇಳುತ್ತದಂತೆ. ಶೇಷಾದ್ರಿ ಬೇಡವೆಂದರು. ಅಂಕಲ್‌ಗೆ ಸಂಕೋಚ ಎಂದು ಆಕೆ ನಕ್ಕಳು. ಹೋಗಲಿ ಇಂಗ್ಲಿಷ್ ಪ್ರತಿಯನ್ನಾದರೂ ತೋರಿಸು ಎಂದರು. ಕನ್ನಡ ಕೇಳೋಕೆ ತಾನೇ ಅಂಕಲ್ ಇನ್ನೂರು ಜನ ಬರ್ತಿರೋದು ಎಂದಳು. ಅದರಲ್ಲಿ ಏನು ಹೇಳಿದ್ದೇನೆ ಗೊತ್ತೇ ಎಂದು ಕೇಳುವ ಧೈರ್ಯ ಅವರಿಗೆ ಬರಲಿಲ್ಲ.

ಕಾರ್ಯಕ್ರಮದ ಹಿಂದಿನ ಭಾನುವಾರ ಹತ್ತಕ್ಕೆ ಅತ್ತಿಗೆಯ ಫೋನು ಬಂತು. ಇಳಾ ಎನ್ನುವ ಹುಡುಗಿ ತನ್ಮಯಿಗೆ ಫೋನ್ ಮಾಡಿದ್ದಳಂತೆ, ಮನೆಯವರೇ ಇಲ್ಲದಿದ್ದರೆ ಹೇಗೆ ಎಂದಳಂತೆ. ಎಂಬತ್ತಾರನೆಯ ವಯಸ್ಸಿನಲ್ಲಿ ನಾನು ಮೈದುನನ ಸಿನಿಮಾ ನೋಡಲು ಶಿಕಾಗೋಗೆ ಬರುತ್ತಿದ್ದೇನೆ ನೋಡು ಎಂದು ಅತ್ತಿಗೆ ಹಿಗ್ಗಿನಿಂದ ಹೇಳಿದರು. ಶೇಷಾದ್ರಿ ಮನಸ್ಸಿನಲ್ಲೇ ಆ ಸೀನು ನಡೆಸಿ ನೋಡಿದರು. ನಾಗರಾಜ ಎನ್ನುವ ಹೆಸರು, ಆಮೇಲಿನ ಎರಡು ಸಾಲು. ಇನ್ನೂರು ಜನರ ನಡುವೆ ಕೂತು ಆ ತಾಯಿ ಅದನ್ನು ಕೇಳುತ್ತಾಳೆ, ಕೇಳಿದ ಮೇಲೆ ಭಾನುವಾರ ಹತ್ತಕ್ಕೆ ಫೋನು ಬರುವುದಿಲ್ಲ.

ಮೊದಲೇ ಹೋಗಿ ತಾನೇ ಹೇಳಿಬಿಡಬೇಕು, ಕಾಲು ಹಿಡಿದು ಬರಬೇಡಿ ಎನ್ನಬೇಕು. ಬುಧವಾರ ಬೆಳಗ್ಗೆ ಶೇಷಾದ್ರಿ ಮೆಟ್ರಾ ಲೋಕಲ್ ರೈಲು ಹಿಡಿದು ಶಿಕಾಗೋಗೆ, ಅಲ್ಲಿಂದ ಡೆಟ್ರಾಯಿಟ್ ಕಡೆಯ ರೈಲಿಗೆ ಹತ್ತಿದರು. ಇಂಡಿಯಾನಾ ದಾಟುವವರೆಗೂ ಹೇಳಬೇಕಾದ್ದನ್ನು ಮನಸ್ಸಿನಲ್ಲೇ ಜೋಡಿಸಿದರು. ಮಿಶಿಗನ್ನಿನಲ್ಲಿ ಕೊಯ್ಲಾದ ಜೋಳದ ಹೊಲಗಳು ಮೈಲಿಗಟ್ಟಲೆ ಬೋಳಾಗಿ ಬಿದ್ದಿದ್ದವು. ಎದುರು ಸೀಟಿನಲ್ಲಿ ಮೂರು ನಾಲ್ಕು ವರ್ಷದ ಮಗುವೊಂದು ಕಿಟಕಿಗೆ ಮುಖ ಒತ್ತಿ, ಅವರ ಕಡೆ ತಿರುಗಿ ತಿರುಗಿ ನಗುತ್ತಿತ್ತು. ಶೇಷಾದ್ರಿ ಅದರ ಕಣ್ಣು ತಪ್ಪಿಸಿ ಬೇರೆ ಸೀಟಿಗೆ ಹೋಗಿ ಕೂತರು.

ಟ್ರಾಯ್ ಸ್ಟೇಷನ್ನಿನಿಂದ ಅವರನ್ನು ಮನೆಗೆ ತಂದು ಬಿಟ್ಟು ತನ್ಮಯಿ ಕ್ಲಿನಿಕ್ಕಿಗೆ ವಾಪಸ್ಸು ಹೋದಳು. ಅತ್ತಿಗೆ ಸೂರ್ಯನ ಬೆಳಕು ಬೀಳುವ ಕೋಣೆಯಲ್ಲಿ ಅವರೆಕಾಳಿನ ಪ್ಯಾಕೆಟ್ ಬಿಚ್ಚಿಟ್ಟುಕೊಂಡು, ಕಾಳು ಹಿಚುಕುತ್ತಿದ್ದರು. ಶೇಷಾದ್ರಿ ಕುರ್ಚಿಯಲ್ಲಿ ಕೂರದೆ ಕಾರ್ಪೆಟ್ಟಿನ ಮೇಲೆ ಕೂತರು. ಅಮ್ಮ ಹೋದ ಕಾಗದ ಬಂದದ್ದು, ಸಿಟ್ಟು ಬಂದದ್ದು, ಸಿನಿಮಾದಲ್ಲಿ ಅಣ್ಣನ ಹೆಸರು ಹಿಡಿದು ಬೈದದ್ದು, ಎಲ್ಲ ಹೇಳಿದರು. ಮನೆ ಹಾಳಾಗಲಿ ಅಂದೆ, ನಿರ್ವಂಶ ಅಂದೆ, ವರ್ಷ ತುಂಬುವುದರೊಳಗೆ ವಿಷ್ಣು ಹೋದ ಎಂದರು. ಅಲ್ಲಿಗೆ ನಿಲ್ಲಿಸಿದರು.

ಅತ್ತಿಗೆಯ ಕೈ ನಿಂತಿರಲಿಲ್ಲ. ಒಂದೊಂದೇ ಕಾಳು ಬಟ್ಟಲಿಗೆ ಬೀಳುತ್ತಿತ್ತು.

"ಅಷ್ಟೇನಾ ಅಂದಿದ್ದು?" ಎಂದು ಕೇಳಿದರು.

ಅಷ್ಟೇ ಎಂದುಬಿಡಬಹುದಿತ್ತು. ಆದರೆ ಶನಿವಾರ ಹೇಗೂ ಗೊತ್ತಾಗುತ್ತದೆ. ಶೇಷಾದ್ರಿ ತಲೆ ತಗ್ಗಿಸಿ ಕೊನೆಯ ಸಾಲನ್ನೂ ಹೇಳಿದರು. ತಾಯಿ ಮುಖ ತಪ್ಪಿಸಿದೋರಿಗೆ ಮಕ್ಕಳ ಮುಖ ತಪ್ಪಿ ಹೋಗ್ಲಿ.

ಆಗ ಕೈ ನಿಂತಿತು. ಬೀದಿಯಲ್ಲಿ ಸ್ಕೂಲ್ ಬಸ್ಸು ನಿಂತು, ಮಕ್ಕಳನ್ನು ಇಳಿಸಿ ಹೋಯಿತು. ಆಮೇಲೆ ಅತ್ತಿಗೆ ಅವರ ಮುಖ ನೋಡದೆ ಹೇಳತೊಡಗಿದರು. ಅಮ್ಮ ಮಲಗಿದ ಎರಡನೆಯ ದಿನವೇ ನಾಗರಾಜ ತಂತಿ ಬರೆದಿದ್ದರಂತೆ. ತಾಯಿಗೆ ಸೀರಿಯಸ್, ಕೂಡಲೇ ಹೊರಡು. ಅವರು ಅಮ್ಮನ ಪಕ್ಕ ಬಿಟ್ಟು ಏಳುವ ಹಾಗಿರಲಿಲ್ಲ, ಕಾಗದವನ್ನು ಹೆಂಡತಿಯ ಕೈಗೆ ಕೊಟ್ಟು ತಂತಿ ಆಫೀಸಿಗೆ ಕಳಿಸಿದರು. ಕಂಕುಳಲ್ಲಿ ವಿಷ್ಣು. ದೊಡ್ಡ ಕ್ಯೂ. ಮಗು ಬಿಸಿಲಿಗೆ ವಾಂತಿ ಮಾಡಿಕೊಂಡಿತು. ಆಕೆ ತಿರುಗಿ ಬಂದುಬಿಟ್ಟರು, ಕೊಟ್ಟೆ ಎಂದು ಗಂಡನಿಗೆ ಹೇಳಿದರು, ನಾಳೆ ಹೋದರಾಯಿತು ಎಂದುಕೊಂಡು. ಮಾರನೆಯ ದಿನ ಅಮ್ಮ ಎದ್ದು ಕೂತು ಗಂಜಿ ಕುಡಿದರು, ಅಷ್ಟು ದೂರದಿಂದ ಯಾಕೆ ಸುಮ್ಮನೆ ಓಡಿಸುವುದು ಎನಿಸಿತು. ಆಮೇಲೆ ಕಳಿಸಿದರೂ ಪ್ರಯೋಜನವಿಲ್ಲದ ದಿನ ಬಂತು.

"ಆರು ದಿನ ಇದ್ರು ಕಣೋ. ಆರು ದಿನಾನೂ ಶೇಷು ಬಂದ್ನಾ ಅಂತ ಕೇಳಿದ್ರು. ನಿಮ್ಮಣ್ಣ ಬಾಗಿಲು ನೋಡ್ತಾ ಕೂತಿದ್ರು. ತಂತಿ ನೋಡಿದ ಮೇಲೂ ಬರಲಿಲ್ಲ, ಇನ್ನು ಅವನ ಸುದ್ದಿ ಎತ್ತಬೇಡ ಅಂದ್ರು. ನಾನು ಎತ್ತಲಿಲ್ಲ."

ಬಿಡುವಿಲ್ಲವೆಂದು ತಿಳಿದುಕೊಂಡೆವು. ಐವತ್ತೆರಡು ವರ್ಷ ತಾನು ಓದಿದ್ದು ಬೇರೆ, ಅಣ್ಣ ಬರೆದದ್ದು ಬೇರೆ ಎಂದು ಶೇಷಾದ್ರಿಯವರಿಗೆ ಆಗ ಹೊಳೆಯಿತು. ಅದು ತೀರ್ಮಾನವಲ್ಲ, ಸಂಕಟ. ಅಣ್ಣ ಬಾಗಿಲು ಕಾದು ಕೂತಿದ್ದ. ಅಂಥವನಿಗೆ ತಾನು ಏನೆಲ್ಲ ಅಂದುಬಿಟ್ಟೆ. ಆದರೆ ಅತ್ತಿಗೆ ಇನ್ನೂ ಮುಗಿಸಿರಲಿಲ್ಲ.

"ಅವರ ಹೆಸರು ಹಿಡಿದದ್ದು ನಿನ್ನ ತಪ್ಪು, ಶೇಷು. ಕೊನೇ ಮಾತಿನಲ್ಲಿ ನೀನು ಯಾರ ಹೆಸರೂ ಹೇಳಿಲ್ಲ ನೋಡು. ಅದು ಹುಡುಕಿಕೊಂಡು ಸರಿಯಾದ ಕಡೆಗೇ ಬಂತು."

ಆಕೆಯ ಧ್ವನಿಯಲ್ಲಿ ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ. ಶೇಷಾದ್ರಿಯವರಿಗೆ ನಿಜವಾಗಿ ಹೆದರಿಕೆಯಾದದ್ದು ಆಗ. ಬೈದಿದ್ದರೆ ತಡೆದುಕೊಳ್ಳಲು ಸಿದ್ಧರಾಗಿ ಬಂದಿದ್ದರು, ಮನೆಯಿಂದ ಆಚೆ ಹೋಗು ಅಂದಿದ್ದರೆ ಹೋಗುತ್ತಿದ್ದರು. ಅವರು ಮಂಡಿಯ ಮೇಲೆ ಹತ್ತಿರ ಸರಿದು, ಮಾತಿನ ಮೇಲೆ ಮಾತು ಹೇಳತೊಡಗಿದರು. ಅದು ಬರೀ ಜ್ವರ. ಆ ವರ್ಷ ಮೈಸೂರಿನಲ್ಲಿ ಎಷ್ಟು ಮಕ್ಕಳಿಗೆ ಬಂದಿತ್ತು. ಸೊಳ್ಳೆಯಿಂದ ಬರುವ ರೋಗ, ತನ್ಮಯಿಯನ್ನೇ ಕೇಳಿ ಬೇಕಾದರೆ. ಎಲ್ಲಿಯ ಜಪಾನು, ಎಲ್ಲಿಯ ಮಗು, ತಗಡಿನ ಮುಖವಾಡ ಹಾಕಿಕೊಂಡು ಯಾವನೋ ಕೂಗಿದ್ದಕ್ಕೆ ಮಗು ಸಾಯುತ್ತದೆಯೇ? ಐವತ್ತೆರಡು ವರ್ಷದಲ್ಲಿ ಒಂದು ದಿನವೂ ತನಗೆ ತಾನು ಹೇಳಿಕೊಳ್ಳಲಾಗದ ಮಾತುಗಳನ್ನೆಲ್ಲ ಈಗ ಆಣೆ ಇಟ್ಟು ಹೇಳಿದರು. ಹೇಳುತ್ತ ಹೇಳುತ್ತ ತಮಗೇ ಅವು ನಿಜವೆನಿಸಿದವು. ಆದರೆ ಕೇಳಬೇಕಾದವರ ಕಿವಿಗೆ ಅವು ಬೀಳುತ್ತಿರಲಿಲ್ಲ.

"ಯಾಕೆ ಹೋಯ್ತು ಮಗು ಅಂತ ದಿನಾ ಕೇಳ್ತಿದ್ದೆ ದೇವರನ್ನ," ಎಂದರು ಅತ್ತಿಗೆ. "ಯಾರೂ ಹೇಳಲಿಲ್ಲ. ನೀನು ಬಂದು ಹೇಳಿದೆ."

ಐದೂವರೆಗೆ ತನ್ಮಯಿ ಬಂದಳು. ಅಷ್ಟು ಹೊತ್ತಿಗೆ ಅತ್ತಿಗೆ ಎದ್ದು, ಹಿತಕವರೆ ಬೇಳೆ ಒಲೆಗಿಟ್ಟು, ಮೈದುನನಿಗೆ ಕಾಫಿಯನ್ನೂ ಕೊಟ್ಟಾಗಿತ್ತು. ಕಾಫಿ ಹಾಗೇ ತಣ್ಣಗಾಗಿತ್ತು. ತನ್ಮಯಿ ಕೀಲಿಕೈ ಮೇಜಿನ ಮೇಲಿಡುತ್ತ, ಚಿಕ್ಕಪ್ಪ ಯಾಕೆ ಇಷ್ಟು ಡಲ್ ಆಗಿದಾರೆ, ಪ್ರಯಾಣ ಸುಸ್ತಾಯಿತೇ ಎಂದು ಕೇಳಿದಳು. ಶನಿವಾರ ಬೇಡ, ಅತ್ತಿಗೆಗೆ ಅಷ್ಟು ದೂರ ಆಗುವುದಿಲ್ಲ, ಇಲ್ಲೇ ಇರಲಿ ಎಂದು ಶೇಷಾದ್ರಿ ಗಡಿಬಿಡಿಯಿಂದ ಶುರು ಮಾಡಿದರು.

"ಇಲ್ಲ, ನಾನು ಬರಲೇಬೇಕು," ಎಂದರು ಅತ್ತಿಗೆ ಒಲೆಯ ಮುಂದಿನಿಂದಲೇ. "ಇಳಾಗೆ ಫೋನ್ ಮಾಡು ತನ್ಮಯಿ. ನನಗೆ ಮುಂದಿನ ಸಾಲಿನಲ್ಲಿ ಜಾಗ ಇಡೋಕೆ ಹೇಳು. ಶೇಷು ಅಂದಿದ್ದು ನನಗೆ ಪೂರ್ತಿ ಕೇಳಿಸಬೇಕು."

ತನ್ಮಯಿ ನಕ್ಕು, ನೋಡಿ ಚಿಕ್ಕಪ್ಪ, ಅಮ್ಮ ಎಷ್ಟು ಎಕ್ಸೈಟ್ ಆಗಿದಾಳೆ ಎನ್ನುತ್ತ, ನಿಂತಲ್ಲಿಂದಲೇ ಇಳಾಳ ನಂಬರ್ ಒತ್ತಿದಳು.